ಗೇಮ್ ತೆಗೆದ ಮೇಲೂ ನಿಲ್ಲದ ನೋಟಿಫಿಕೇಶನ್: ಪೆರ್ಲ ಕಡೆಯ ಒಂದು ಮನೆಯ ಪ್ರಕರಣ

ಮನೆ ಕಾಸರಗೋಡು ಜಿಲ್ಲೆಯ ಪೆರ್ಲ ಪೇಟೆಯಿಂದ ಸ್ವಲ್ಪ ಒಳಗೆ. ಅಡಿಕೆ ತೋಟ, ನಡುವೆ ಅಲ್ಲಲ್ಲಿ ಕಾಳುಮೆಣಸು. ಅಜ್ಜ, ಅಜ್ಜಿ, ಮಗ, ಸೊಸೆ, ನಾಲ್ಕನೇ ಕ್ಲಾಸಿಗೆ ಹೋಗುವ ಮೊಮ್ಮಗಳು, ಮದುವೆ ಇನ್ನೂ ಕೂಡಿ ಬಾರದ ಚಿಕ್ಕಪ್ಪ. ಇಷ್ಟು ಜನ. ಮನೆಯವರನ್ನು ಕೇಳಿಯೇ ಇದನ್ನು ಬರೆಯುತ್ತಿದ್ದೇನೆ, ಹೆಸರು ಮಾತ್ರ ಹಾಕುವುದಿಲ್ಲ. ಗೇಮಿನ ಹೆಸರು, ಫೋನ್ ಕಂಪನಿಯ ಹೆಸರೂ ಬೇಡ. ಇದೇ ಕಥೆ ಬೇರೆ ಬೇರೆ ಹೆಸರು ಹೊತ್ತು ಬದಿಯಡ್ಕದ ನನ್ನ ಮೊಬೈಲ್ ಅಂಗಡಿಗೆ ಬರುತ್ತಲೇ ಇರುತ್ತದೆ.

ತೊಂದರೆ ಕೊಟ್ಟದ್ದು ಎರಡು ಸಾಧನ. ಒಂದು ಟ್ಯಾಬ್. 2020ರ ಜೂನ್‌ನಲ್ಲಿ ಶಾಲೆಗಳೆಲ್ಲ ಮುಚ್ಚಿದ್ದಾಗ ಕೇರಳ ಸರಕಾರದ ಶಿಕ್ಷಣ ಟಿವಿ ಕೈಟ್ ವಿಕ್ಟರ್ಸ್ ಚಾನೆಲ್‌ನಲ್ಲಿ ಫಸ್ಟ್ ಬೆಲ್ ಪಾಠಗಳು ಶುರುವಾದವಲ್ಲ, ಆಗ ದೊಡ್ಡ ಮೊಮ್ಮಗನಿಗೆ ಅಂತ ತಂದದ್ದು. ಅವನೀಗ ಪುತ್ತೂರಿನಲ್ಲಿ ಹಾಸ್ಟೆಲಿನಲ್ಲಿದ್ದಾನೆ, ಟ್ಯಾಬ್ ತಂಗಿಯ ಪಾಲಿಗೆ ಬಂದಿದೆ. ಆಂಡ್ರಾಯ್ಡ್ 11ರ ತನಕ ಅಪ್‌ಡೇಟ್ ಆಗಿ ಅಲ್ಲಿಗೇ ನಿಂತಿದೆ. ಇನ್ನೊಂದು ಅಜ್ಜನ ಫೋನ್. ಅದರಲ್ಲಿ ಆಂಡ್ರಾಯ್ಡ್ 13. ಮನೆಯೊಳಗೆ ಸರಿಯಾಗಿ ರೇಂಜ್ ಸಿಗುವುದು ಅಜ್ಜನ ಸಿಮ್ಮಿಗೆ ಮಾತ್ರ. ಹಾಗಾಗಿ ಶಾಲೆಯ ವಾಟ್ಸಾಪ್ ಗ್ರೂಪ್, ಗ್ಯಾಸ್ ಬುಕಿಂಗ್, ಕರೆಂಟ್ ಬಿಲ್ಲಿನ ಮೆಸೇಜ್, ಬೆಳೆಗಾರರ ಸಹಕಾರಿ ಸಂಸ್ಥೆ ಕ್ಯಾಂಪ್ಕೊದ ಅಡಿಕೆ ದರ, ಬ್ಯಾಂಕಿನ ಒಟಿಪಿ ಎಲ್ಲವೂ ಅದೇ ಫೋನಿಗೆ ಬರುತ್ತವೆ. ಮನೆಯ ಲ್ಯಾಂಡ್‌ಲೈನ್ ಇದ್ದ ಜಾಗದಲ್ಲೇ, ಚಾವಡಿಯ ಮೇಜಿನ ಮೇಲೆ, ಅದು ಇರುತ್ತದೆ. ಯಾರು ಬೇಕಾದರೂ ಎತ್ತಿಕೊಳ್ಳುತ್ತಾರೆ. ಈ ಮಾತು ಮುಂದೆ ಬೇಕಾಗುತ್ತದೆ.

ಸೊಸೆ ಎರಡನ್ನೂ ಒಂದು ಬಟ್ಟೆಯ ಚೀಲದಲ್ಲಿ ಹಾಕಿಕೊಂಡು ಅಂಗಡಿಗೆ ಬಂದರು. “ಅಣ್ಣಾ, ಇದು ಎರಡನ್ನೂ ಒಮ್ಮೆ ಫಾರ್ಮ್ಯಾಟ್ ಹೊಡೆದು ಕೊಡಿ. ಗೇಮ್ ತೆಗ್ದು ತಿಂಗಳಾಯ್ತು, ಆದ್ರೂ ಗೇಮಿನ ಮೆಸೇಜ್ ಬರ್ತದೆ. ಮಾವನಿಗೆ ರಾತ್ರಿ ನಿದ್ದೆ ಇಲ್ಲ.”

ನಿದ್ದೆ ಇಲ್ಲದ್ದಕ್ಕಿಂತ ದೊಡ್ಡದೊಂದು ಆಗಿತ್ತು. ಟಿಣ್ ಟಿಣ್ ಸದ್ದು ತಡೆಯಲಾಗದೆ ಮಗ ಫೋನನ್ನು ರಾತ್ರಿ ಪೂರ್ತಿ, ಯಾವ ಸದ್ದೂ ಬಾರದ ಹಾಗೆ, ಡೂ ನಾಟ್ ಡಿಸ್ಟರ್ಬ್‌ಗೆ ಹಾಕಿಟ್ಟಿದ್ದರು. ಆಟಿ ತಿಂಗಳ ಮಳೆ. ನಮ್ಮಲ್ಲಿ ಕಲೆಕ್ಟರ್ ರಜೆ ಘೋಷಣೆ ಬಹಳ ಸಲ ರಾತ್ರಿಯೇ ಬರುತ್ತದೆ, ಟೀಚರು ಅದನ್ನು ಗ್ರೂಪಿಗೆ ಹಾಕುತ್ತಾರೆ. ಆ ದಿನವೂ ಹಾಕಿದ್ದರು. ಯಾರಿಗೂ ಕೇಳಲಿಲ್ಲ. ಬೆಳಿಗ್ಗೆ ತಾಯಿ ಮಗಳು ಕೊಡೆ ಹಿಡಿದು ಬಸ್‌ಸ್ಟ್ಯಾಂಡಿನಲ್ಲಿ ನಿಂತದ್ದೇ ಬಂತು. ಆ ದಾರಿಯಲ್ಲಿ ಬಂದ ಜೀಪಿನವರು “ಇವತ್ತು ರಜೆ ಅಲ್ವಾ ಅಕ್ಕ” ಅಂದಾಗಲೇ ಗೊತ್ತಾದದ್ದು. ಮನೆಗೆ ಬಂದು ಸಿಟ್ಟೆಲ್ಲ ತೀರಿಸಿದ್ದು ಹುಡುಗಿಯ ಮೇಲೆ. ಗೇಮ್ ಹಾಕಿದ್ದು ಅವಳೇ ತಾನೇ?

ಫಾರ್ಮ್ಯಾಟ್ ಬಗ್ಗೆ ಒಂದು ಮಾತು. ನಮ್ಮ ಕಡೆ ಫೋನಿಗೆ ಏನೇ ಆಗಲಿ, ಫಾರ್ಮ್ಯಾಟೇ ಮದ್ದು ಅಂತ ಜನರ ನಂಬಿಕೆ. ಅಂಗಡಿಯವರಿಗೂ ಸುಲಭ, ಅರ್ಧ ಗಂಟೆಯಲ್ಲಿ ಮುಗಿಯುತ್ತದೆ, ದುಡ್ಡೂ ಸಿಗುತ್ತದೆ. ಆದರೆ ಬ್ಯಾಕಪ್ ಇಲ್ಲದ ಫೋಟೊ ಹೋಗುತ್ತದೆ. ವಾಟ್ಸಾಪ್ ಹಳೆಯ ಮೆಸೇಜ್ ಹೋಗುತ್ತದೆ. ಬ್ಯಾಂಕ್ ಆ್ಯಪ್ ಎಲ್ಲ ಮೊದಲಿನಿಂದ ರಿಜಿಸ್ಟರ್ ಮಾಡಬೇಕು. ಆಮೇಲೆ ಅದೇ ಗೂಗಲ್ ಅಕೌಂಟ್ ಹಾಕಿದ ಕೂಡಲೇ “ಹಿಂದಿನ ಆ್ಯಪ್‌ಗಳನ್ನು ವಾಪಸ್ ತರಲೇ?” ಅಂತ ಕೇಳುತ್ತದೆ, ಜನ ಹೌದು ಅಂತ ಒತ್ತುತ್ತಾರೆ, ಗೇಮುಗಳೂ ಅದರ ಜೊತೆಯೇ ವಾಪಸ್. ನೋಟಿಫಿಕೇಶನ್ ನಿಲ್ಲಿಸಲು ಫಾರ್ಮ್ಯಾಟ್ ಹೊಡೆಯುವವನು ಕಾರಣ ಹುಡುಕಲು ಸೋಮಾರಿ ಅಂತಲೇ ನನ್ನ ಅಭಿಪ್ರಾಯ. ಬೇರೆ ಅಂಗಡಿಯವರು ಬೇಸರ ಮಾಡಿಕೊಳ್ಳಬಾರದು.

ಮನೆಯವರು ಸುಮ್ನೆ ಕೂತಿರಲಿಲ್ಲ. ಏನೇನು ಮಾಡಿದ್ದೀರಿ ಅಂತ ಕೇಳಿದೆ. ಅಜ್ಜನ ಫೋನಿನಿಂದ ಗೇಮ್ ತೆಗೆದಿದ್ದರು. ಟ್ಯಾಬಿನಿಂದ ತೆಗೆಯಲು ಹುಡುಗಿ ಬಿಡಲಿಲ್ಲ, ಅತ್ತು ರಂಪ ಮಾಡಿದಳು, ಹಾಗಾಗಿ ಅದರಲ್ಲಿ ಚಿಕ್ಕಪ್ಪ ಯಾವುದೋ ಒಂದು ಸ್ವಿಚ್ ಆಫ್ ಮಾಡಿದ್ದರು. ಕೆಲವು ದಿನ ಸ್ವಲ್ಪ ಕಡಿಮೆಯಾಗಿ ಮತ್ತೆ ಮೊದಲಿನಷ್ಟೇ ಆಯಿತು. ಆಮೇಲೆ ಯಾರೋ ಹೇಳಿದರು ಅಂತ ಫೋರ್ಸ್ ಸ್ಟಾಪ್ ಮಾಡಿದರು. ಅದೂ ಅಷ್ಟೇ, ಹುಡುಗಿ ಮತ್ತೆ ಗೇಮ್ ತೆರೆಯುವ ತನಕ ಶಾಂತಿ. ಫೋರ್ಸ್ ಸ್ಟಾಪ್ ಮಾಡಿದ ಆ್ಯಪ್ ತಾನಾಗಿ ಏಳುವುದಿಲ್ಲ, ಆದರೆ ಒಮ್ಮೆ ಕೈಯಾರೆ ತೆರೆದರೆ ಎಲ್ಲ ಮೊದಲಿನ ಹಾಗೆ.

ನಾನು ಕೇಳಿದ ಎರಡನೇ ಪ್ರಶ್ನೆಗೆ ಅವರ ಹತ್ತಿರ ಉತ್ತರ ಇರಲಿಲ್ಲ. “ಸದ್ದು ಮಾಡಿದ್ದು ಯಾವುದು?” ಗೇಮ್, ಅಂದರು. ಗೇಮ್ ತೆಗೆದಾಗಿದೆಯಲ್ಲ, ಮತ್ತೆ ಯಾವ ಗೇಮ್? “ಅದೇ, ಗೇಮಿನದ್ದು. ಚಿನ್ನದ ನಾಣ್ಯದ ಚಿತ್ರ ಬರ್ತದೆ.”

ಹಂಚಿನ ಮಾಡು ಸೋರುವಾಗ ನೀರು ಬಿದ್ದ ಜಾಗದ ನೇರ ಮೇಲೆ ಒಡೆದ ಹಂಚು ಇರುವುದಿಲ್ಲ. ಎಲ್ಲೋ ಮೇಲೆ ಒಳಗೆ ಬಂದು, ಮಾಡಿನ ಪಕ್ಕಾಸು ಮರ ಹಿಡಿದು ಇಳಿದು, ಇನ್ನೆಲ್ಲೋ ತೊಟ್ಟಿಕ್ಕುತ್ತದೆ. ಇದೂ ಹಾಗೆಯೇ. ನೋಟಿಫಿಕೇಶನಿನಲ್ಲಿ ಗೇಮಿನ ಚಿತ್ರ ಇದ್ದ ಮಾತ್ರಕ್ಕೆ ಕಳಿಸಿದ್ದು ಗೇಮ್ ಅಂತ ಅಲ್ಲ. ಕಳಿಸಿದ್ದು ಯಾರು ಅಂತ ಫೋನಿಗೆ ಗೊತ್ತಿರುತ್ತದೆ. ಅದನ್ನೇ ಕೇಳಬೇಕು.

ಹಾಗಾಗಿ ಆ ದಿನ ಏನನ್ನೂ ಆಫ್ ಮಾಡಲಿಲ್ಲ. ಎರಡರಲ್ಲೂ ನೋಟಿಫಿಕೇಶನ್ ಹಿಸ್ಟರಿ ಆನ್ ಮಾಡಿದೆ. ಆಂಡ್ರಾಯ್ಡ್ 11ರಿಂದ ಈಚೆಗೆ ಸೆಟ್ಟಿಂಗ್ಸ್‌ನ ನೋಟಿಫಿಕೇಶನ್ ಭಾಗದಲ್ಲಿ ಇದು ಇದೆ. ಮೊದಲೇ ಆನ್ ಇರುವುದಿಲ್ಲ, ನಾವೇ ಮಾಡಬೇಕು. ಆಮೇಲೆ 24 ಗಂಟೆಯೊಳಗೆ ಬಂದದ್ದೆಲ್ಲ, ಒರೆಸಿ ಹಾಕಿದ್ದೂ ಸೇರಿ, ಯಾವ ಆ್ಯಪ್, ಎಷ್ಟು ಹೊತ್ತಿಗೆ ಅಂತ ಪಟ್ಟಿ ಸಿಗುತ್ತದೆ. ಡೂ ನಾಟ್ ಡಿಸ್ಟರ್ಬ್ ತೆಗೆದು, “ಇವತ್ತು ಒಂದು ರಾತ್ರಿ ಸಹಿಸಿಕೊಳ್ಳಿ, ನಾಳೆ ಎರಡನ್ನೂ ತನ್ನಿ” ಅಂದೆ. ಸೊಸೆಗೆ ಅದು ರುಚಿಸಲಿಲ್ಲ. ಬಸ್ಸಿನ ಖರ್ಚು ಮಾಡಿ ಬಂದವರಿಗೆ ನಾಳೆ ಬನ್ನಿ ಅಂದರೆ ಯಾರಿಗೆ ರುಚಿಸುತ್ತದೆ? ಆದರೂ ಮರುದಿನ ಬಂದರು. ಈ ಸಲ ಹುಡುಗಿಯನ್ನೂ ಕರೆದುಕೊಂಡು ಬಂದಿದ್ದರು, ವಿಚಾರಣೆಗೆ ಅನ್ನುವ ಹಾಗೆ.

ಮೊದಲು ಟ್ಯಾಬ್ ನೋಡೋಣ, ಅದು ಸುಲಭದ್ದು.

ಪಟ್ಟಿಯಲ್ಲಿ ರಾತ್ರಿ 11:30ಕ್ಕೆ ಗೇಮಿನದ್ದೊಂದು: ನಿನ್ನ ಶಕ್ತಿ ತುಂಬಿದೆ, ಬಾ ಆಡೋಣ, ಅಂತ ಇಂಗ್ಲಿಷಿನಲ್ಲಿ, ಪಕ್ಕದಲ್ಲಿ ಕುಣಿಯುವ ನರಿಯ ಚಿತ್ರ. ಗೇಮ್ ತೆರೆದು ನೋಡಿದೆ. ಮೇಲೆ ಒಂದು ಮಿಂಚಿನ ಗುರುತು, ಒಟ್ಟು 30 ಶಕ್ತಿ. ಒಂದು ಆಟಕ್ಕೆ ಇಷ್ಟು ಅಂತ ಖರ್ಚಾಗುತ್ತದೆ, ಖಾಲಿಯಾದ ಮೇಲೆ 8 ನಿಮಿಷಕ್ಕೆ ಒಂದರ ಹಾಗೆ ತುಂಬುತ್ತದೆ. ಹುಡುಗಿಯನ್ನು ಕೇಳಿದೆ, “ರಾತ್ರಿ ಎಷ್ಟು ಹೊತ್ತಿನ ತನಕ ಆಡ್ತಿ?” ಅವಳು ತಾಯಿಯ ಮುಖ ನೋಡಿ, “ಏಳೂವರೆಗೆ ಊಟಕ್ಕೆ ಕರೀತಾರೆ ಮಾಮ, ಅಷ್ಟರಲ್ಲಿ ಖಾಲಿ ಮಾಡ್ತೇನೆ” ಅಂದಳು. ಮೂವತ್ತು ಎಂಟಲಿ ಇನ್ನೂರ ನಲ್ವತ್ತು ನಿಮಿಷ. ನಾಲ್ಕು ಗಂಟೆ. ಏಳೂವರೆಗೆ ನಾಲ್ಕು ಸೇರಿಸಿದರೆ ಹನ್ನೊಂದೂವರೆ. ದಿನಾ ಅದೇ ಹೊತ್ತಿಗೆ ಮನೆ ಎಚ್ಚರವಾಗುತ್ತಿದ್ದದ್ದು ಯಾಕೆ ಅಂತ ಅಲ್ಲಿಗೆ ಗೊತ್ತಾಯಿತು.

ಇಂಥದ್ದು ಇಂಟರ್ನೆಟ್ಟಿನಿಂದ ಬರಬೇಕು ಅಂತಿಲ್ಲ. ಶಕ್ತಿ ಖಾಲಿಯಾದ ಕೂಡಲೇ ಗೇಮೇ ಟ್ಯಾಬಿನೊಳಗೆ ಅಲಾರಾಂ ಇಟ್ಟುಕೊಳ್ಳುತ್ತದೆ. ಅದಕ್ಕೇ ವೈಫೈ ಆಫ್ ಮಾಡಿದರೂ ಸದ್ದು ನಿಲ್ಲುತ್ತಿರಲಿಲ್ಲ. ಚಿಕ್ಕಪ್ಪ ಅದನ್ನು ಮಾಡಿ ನೋಡಿ ತಲೆ ಕೆಡಿಸಿಕೊಂಡಿದ್ದರಂತೆ. ನಿಮ್ಮಲ್ಲೂ ಸಂಶಯ ಇದ್ದರೆ ಒಂದು ರಾತ್ರಿ ಏರೋಪ್ಲೇನ್ ಮೋಡಿನಲ್ಲಿಟ್ಟು ನೋಡಿ. ಆಗಲೂ ಬಂದರೆ ಅದು ಸಾಧನದೊಳಗೇ ಕೂತ ಆ್ಯಪಿನದ್ದು. ಬಾರದಿದ್ದರೆ ಹೊರಗಿನಿಂದ ಕಳಿಸುವಂಥದ್ದು.

ಚಿಕ್ಕಪ್ಪ ಆಫ್ ಮಾಡಿದ ಸ್ವಿಚ್ ಮತ್ತೆ ಆನ್ ಆದದ್ದು ಹೇಗೆ? ಅದು ಆನ್ ಆಗಿರಲೇ ಇಲ್ಲ. 2017ರಲ್ಲಿ ಬಂದ ಆಂಡ್ರಾಯ್ಡ್ 8ರಿಂದ ಒಂದೊಂದು ಆ್ಯಪಿನ ನೋಟಿಫಿಕೇಶನ್ ಬೇರೆ ಬೇರೆ ಚಾನೆಲ್ ಆಗಿ ಹಂಚಿಹೋಗಿದೆ. ಈ ಗೇಮಿನಲ್ಲಿ ಶಕ್ತಿಗೆ ಒಂದು, ಗೆಳೆಯರ ಕರೆಗೆ ಒಂದು, ಆಫರಿಗೆ ಒಂದು. ಚಿಕ್ಕಪ್ಪ ಆಫರಿನದ್ದನ್ನು ಮಾತ್ರ ಮುಚ್ಚಿದ್ದರು, ಅದು ಈಗಲೂ ಮುಚ್ಚಿಯೇ ಇತ್ತು. ನಡುವೆ ಗೇಮ್ ಅಪ್‌ಡೇಟ್ ಆದಾಗ “ಹಬ್ಬದ ವಿಶೇಷ” ಅನ್ನುವಂಥ ಹೊಸ ಚಾನೆಲ್ ಬಂದಿತ್ತು. ಹೊಸ ಚಾನೆಲ್ ಬರುವಾಗ ಆನ್ ಆಗಿಯೇ ಬರುತ್ತದೆ. ಆಫರನ್ನು ಈಗ ಅದರಲ್ಲಿ ತುಂಬಿ ಕಳಿಸುತ್ತಿದ್ದರು. ಇದನ್ನು ಗೇಮ್ ಮಾಡಿದವರ ಜಾಣತನ ಅಂತ ಹೇಳಬೇಕೋ ಕಿತಾಪತಿ ಅಂತ ಹೇಳಬೇಕೋ, ನೀವೇ ಹೇಳಿ.

ಹಾಗಾಗಿ ಚಾನೆಲ್ ಒಂದೊಂದಾಗಿ ಮುಚ್ಚುವುದರಲ್ಲಿ ಅರ್ಥ ಇಲ್ಲ. ನೋಟಿಫಿಕೇಶನ್ ಬಂದಾಗ ಅದರ ಮೇಲೆ ಬೆರಳು ಒತ್ತಿ ಹಿಡಿಯಿರಿ. ಆ್ಯಪಿನ ಹೆಸರು, ಪಕ್ಕದಲ್ಲಿ ಹಲ್ಲಿನ ಚಕ್ರದ ಗುರುತು ಬರುತ್ತದೆ. ಚಕ್ರ ಒತ್ತಿ ಒಳಗೆ ಹೋದರೆ ಎಲ್ಲದಕ್ಕಿಂತ ಮೇಲೆ ಆ್ಯಪಿನ ಎಲ್ಲ ನೋಟಿಫಿಕೇಶನಿಗೂ ಸೇರಿ ಒಂದೇ ದೊಡ್ಡ ಸ್ವಿಚ್ ಇರುತ್ತದೆ. ಅದನ್ನು ಆಫ್ ಮಾಡಿ. ಆಮೇಲೆ ಎಷ್ಟು ಹೊಸ ಚಾನೆಲ್ ಬಂದರೂ ಆ ಸ್ವಿಚ್ ದಾಟಿ ಬರುವುದಿಲ್ಲ. ಅಪ್‌ಡೇಟ್ ಆದರೂ ಉಳಿಯುತ್ತದೆ. ಗೇಮ್ ತೆಗೆದು ಹೊಸದಾಗಿ ಹಾಕಿದರೆ ಮಾತ್ರ ಹೋಗುತ್ತದೆ.

ಇಲ್ಲಿ ಹುಡುಗಿ ಬಾಯಿ ಬಿಟ್ಟಳು. “ಪೂರ್ತಿ ಆಫ್ ಮಾಡಿದ್ರೆ ನನ್ನ ಪೆಟ್ಟಿಗೆ ಹೋಗ್ತದೆ ಮಾಮ. ಏಳು ದಿನ ಬಿಡದೆ ಬಂದ್ರೆ ಪೆಟ್ಟಿಗೆ ಕೊಡ್ತಾರೆ.” ತಾಯಿ ಕಣ್ಣು ದೊಡ್ಡದು ಮಾಡಿದರು. ನನಗೆ ಅವಳ ಮಾತು ತಪ್ಪು ಅನ್ನಿಸಲಿಲ್ಲ. ಒಂದು ದಿನ ತಪ್ಪಿದರೆ ಮೊದಲಿನಿಂದ ಎಣಿಕೆ ಅಂತ ಹೆದರಿಸುವುದೇ ಆ ಆಟದ ಕಟ್ಟು. ದೊಡ್ಡವರಿಗೂ ಬಿಡಲು ಆಗುವುದಿಲ್ಲ, ಒಂಬತ್ತು ವರ್ಷದ ಮಗು ಏನು ಮಾಡಬೇಕು? ಪೆಟ್ಟಿಗೆಗೆ ನೋಟಿಫಿಕೇಶನ್ ಬೇಕಿಲ್ಲ, ದಿನಕ್ಕೊಮ್ಮೆ ತೆರೆದರೆ ಸಾಕು ಅಂತ ತೋರಿಸಿಕೊಟ್ಟೆ. ಶಾಲೆಯಿಂದ ಬಂದು ತಿಂಡಿ ತಿಂದ ಮೇಲೆ ಒಮ್ಮೆ ತೆರೆಯುವುದು ಅಂತ ತಾಯಿ ಮಗಳು ಅಲ್ಲೇ ಮಾತು ಮಾಡಿಕೊಂಡರು. ಸ್ವಿಚ್ ಅವಳ ಕೈಯಿಂದಲೇ ಆಫ್ ಮಾಡಿಸಿದೆ. ಗೇಮಿನ ಐಕಾನ್ ಮೇಲೆ ಬರುವ ಚುಕ್ಕಿಯೂ ಅದರ ಜೊತೆ ಹೋಯಿತು. ಸದ್ದಿಗಿಂತ ಆ ಚುಕ್ಕಿಯೇ ಮಕ್ಕಳನ್ನು ಜಾಸ್ತಿ ಎಳೆಯುವುದು.

ಟ್ಯಾಬಿನ ವಿಷಯ ಮುಗಿಸುವ ಮೊದಲು ಒಂದು ವ್ಯತ್ಯಾಸ ಹೇಳಬೇಕು. 2022ರಲ್ಲಿ ಬಂದ ಆಂಡ್ರಾಯ್ಡ್ 13ರಿಂದ ಹೊಸದಾಗಿ ಹಾಕಿದ ಆ್ಯಪ್ ನೋಟಿಫಿಕೇಶನ್ ಕಳಿಸಬೇಕಾದರೆ ಮೊದಲು ನಮ್ಮನ್ನು ಕೇಳಲೇಬೇಕು. ಬೇಡ ಅಂದರೆ ಮುಗಿಯಿತು. ಆಂಡ್ರಾಯ್ಡ್ 11ರ ಈ ಟ್ಯಾಬಿನಲ್ಲಿ ಕೇಳುವ ಕ್ರಮ ಇಲ್ಲ. ಹಾಕಿದ ಕ್ಷಣದಿಂದಲೇ ಅನುಮತಿ ಇದ್ದ ಹಾಗೆ. ಆನ್‌ಲೈನ್ ಕ್ಲಾಸಿನ ಕಾಲದಲ್ಲಿ ಬಂದ ಟ್ಯಾಬುಗಳು ನಮ್ಮ ಊರಿನಲ್ಲಿ ಇನ್ನೂ ಬೇಕಾದಷ್ಟಿವೆ, ಹೆಚ್ಚಿನವು ಇದೇ ಸ್ಥಿತಿಯವು. ಹಾಗಾಗಿ ಹೊಸ ಗೇಮ್ ಹಾಕಿದ ಕೂಡಲೇ, ಆಡುವ ಮೊದಲೇ, ಅದರ ಐಕಾನ್ ಒತ್ತಿ ಹಿಡಿದು ಆ್ಯಪ್ ಇನ್ಫೋಗೆ ಹೋಗಿ ನೋಟಿಫಿಕೇಶನ್ ಆಫ್ ಮಾಡುವುದನ್ನು ಹುಡುಗಿಗೇ ಕಲಿಸಿದೆ. ಮನೆಯಲ್ಲಿ ಎಲ್ಲರಿಗಿಂತ ಬೇಗ ಕಲಿತವಳು ಅವಳೇ.

ಇನ್ನು ಅಜ್ಜನ ಫೋನ್. ಗೇಮ್ ಇಲ್ಲದ ಫೋನಿಗೆ ಗೇಮಿನ ಮೆಸೇಜ್.

ಹಿಸ್ಟರಿ ತೆರೆದರೆ ಒಂದು ರಾತ್ರಿಯಲ್ಲೇ ಪುಟ ತುಂಬಿತ್ತು. ಚಿನ್ನದ ನಾಣ್ಯ, ಇಸ್ಪೀಟೆಲೆ, ತಿರುಗುವ ಚಕ್ರ. “ನಿಮ್ಮ ಖಾತೆಗೆ ಬೋನಸ್ ಬಂದಿದೆ, ಈಗಲೇ ಆಡಿ ತೆಗೆದುಕೊಳ್ಳಿ” ಅಂತ ಕೆಲವು ಮಲಯಾಳದಲ್ಲಿ, ಕೆಲವು ಇಂಗ್ಲಿಷಿನಲ್ಲಿ. ಪ್ರತಿಯೊಂದರ ಮೇಲೂ ಕಳಿಸಿದವರ ಹೆಸರು ಒಂದೇ: ಕ್ರೋಮ್, ಇಂಟರ್ನೆಟ್ ನೋಡುವ ಬ್ರೌಸರ್. ಅದರ ಪಕ್ಕ ಸಣ್ಣ ಅಕ್ಷರದಲ್ಲಿ ಒಂದು ವೆಬ್‌ಸೈಟಿನ ವಿಳಾಸ. ಅರ್ಥವಿಲ್ಲದ ಅಕ್ಷರಗಳ ಸಾಲು, ಕೊನೆಗೆ ಒಂದು ಅಂಕೆ.

ಸೊಸೆಗೆ ತೋರಿಸಿದೆ. “ಇದು ಗೇಮ್ ಅಲ್ಲ. ಕ್ರೋಮಿನಲ್ಲಿ ಯಾರೋ ಒಂದು ಸೈಟಿಗೆ ಹೋಗಿದ್ದಾರೆ. ನೋಟಿಫಿಕೇಶನ್ ಕಳಿಸಲೇ ಅಂತ ಅದು ಕೇಳಿದೆ. ಇವರು ಹೌದು ಅಂದಿದ್ದಾರೆ.”

ಎಲ್ಲರ ಕಣ್ಣು ಹುಡುಗಿಯ ಮೇಲೆ. ಅವಳು, “ನಾನಲ್ಲ, ನನಗೆ ಕ್ರೋಮ್ ಬೇಡ” ಅಂದಳು. ಕ್ರೋಮಿನ ಹಿಸ್ಟರಿ ತೆರೆದೆವು. ಆ ಸೈಟು ಬಂದ ದಾರಿ ಅಲ್ಲೇ ಇತ್ತು. ಅದಕ್ಕಿಂತ ಮೊದಲು ತೆರೆದದ್ದು ಕ್ರಿಕೆಟ್ ಮ್ಯಾಚನ್ನು ಪುಕ್ಕಟೆ ಲೈವ್ ತೋರಿಸುತ್ತೇವೆ ಅನ್ನುವ ಪುಟ. ಅದಕ್ಕಿಂತ ಮೊದಲು ಅದೇ ಥರದ್ದು ಇನ್ನೆರಡು. ಹೊತ್ತು ರಾತ್ರಿಯದ್ದು. ಸೊಸೆ ಒಂದು ಕ್ಷಣ ಸುಮ್ಮನಿದ್ದು, “ಓ, ಇದು ನಮ್ಮ ಮೈದುನನ ಕೆಲಸ” ಅಂದರು. ತನ್ನ ಡೇಟಾ ಮುಗಿದ ದಿನ ಚಾವಡಿಯ ಮೇಜಿನ ಮೇಲಿನ ಫೋನೇ ಗತಿ ಆ ಪುಣ್ಯಾತ್ಮನಿಗೆ.

ಇಂಥ ಪುಟಗಳು ನಡೆಯುವ ರೀತಿ ಹೀಗೆ. ವಿಡಿಯೊ ಇರಬೇಕಾದ ಜಾಗದಲ್ಲಿ ಕಪ್ಪು ಚೌಕ, ಸುತ್ತುವ ಚಕ್ರ. “ನೋಡಲು ಅನುಮತಿಸಿ ಎಂಬುದನ್ನು ಒತ್ತಿ” ಅಥವಾ “ನೀವು ರೋಬೋಟ್ ಅಲ್ಲ ಅಂತ ತೋರಿಸಲು ಒತ್ತಿ” ಅಂತ ದೊಡ್ಡದಾಗಿ ಬರೆದಿರುತ್ತದೆ. ಅದೇ ಹೊತ್ತಿಗೆ ಕ್ರೋಮ್ ತನ್ನ ಚೌಕ ತೋರಿಸಿ ಈ ಸೈಟಿನಿಂದ ನೋಟಿಫಿಕೇಶನ್ ಬರಲೇ ಅಂತ ಕೇಳುತ್ತದೆ. ಓದುವ ವ್ಯವಧಾನ ಯಾರಿಗಿದೆ? ಕೊನೆಯ ಓವರ್ ನಡೆಯುತ್ತಿದೆ. ಒತ್ತಿದರು. ಮ್ಯಾಚ್ ಬರಲಿಲ್ಲ, ಚಂದಾ ಮಾತ್ರ ಆಯಿತು. ಗೇಮ್ ತೆಗೆದ ವಾರವೂ ಇದು ನಡೆದ ವಾರವೂ ಹೆಚ್ಚು ಕಡಿಮೆ ಒಂದೇ ಆದದ್ದರಿಂದ ಮನೆಯವರಿಗೆ ಗೇಮೇ ಸೇಡು ತೀರಿಸುತ್ತಿದೆ ಅನ್ನಿಸಿತ್ತು. ಗೇಮ್ ಅಂದರೆ ಮಕ್ಕಳದ್ದು ಅಂತ ಮೊದಲೇ ತೀರ್ಮಾನ ಮಾಡಿಕೊಂಡಿದ್ದರು. ಬಂದದ್ದೆಲ್ಲ ಇಸ್ಪೀಟು, ದುಡ್ಡಿನ ಆಟ. ನಾಲ್ಕನೇ ಕ್ಲಾಸಿನ ಹುಡುಗಿ ಆಡುವ ನರಿಯ ಆಟಕ್ಕೂ ಅದಕ್ಕೂ ಏನು ಸಂಬಂಧ ಅಂತ ಯಾರೂ ಯೋಚಿಸಿರಲಿಲ್ಲ.

ನಿಲ್ಲಿಸುವುದು ಕಷ್ಟ ಅಲ್ಲ. ಕ್ರೋಮ್ ತೆರೆದು ಮೇಲಿನ ಮೂರು ಚುಕ್ಕಿ, ಸೆಟ್ಟಿಂಗ್ಸ್, ಸೈಟ್ ಸೆಟ್ಟಿಂಗ್ಸ್, ನೋಟಿಫಿಕೇಶನ್ಸ್. ಅನುಮತಿ ಕೊಟ್ಟ ಸೈಟುಗಳ ಪಟ್ಟಿ ಅಲ್ಲಿದೆ. ಈ ಫೋನಿನಲ್ಲಿ ಪೂರಾ ಒಂದು ಸಾಲೇ ಇತ್ತು. ಒಂದು ಸುದ್ದಿ ಸೈಟನ್ನು ಅಜ್ಜನ ಮಾತಿಗೆ ಉಳಿಸಿ ಬೇರೆಲ್ಲ ತೆಗೆದೆ. ಅದೇ ಪುಟದಲ್ಲಿ ಮೇಲಿರುವ ಸ್ವಿಚ್ಚನ್ನೂ ಆಫ್ ಮಾಡಿದೆ. ಹಾಗೆ ಮಾಡಿದರೆ ಇನ್ನು ಯಾವ ಹೊಸ ಸೈಟೂ ಕೇಳುವುದೇ ಇಲ್ಲ. ಹಿರಿಯರ ಫೋನಿನಲ್ಲಿ ಕಣ್ಣುಮುಚ್ಚಿ ಮಾಡಬಹುದಾದ ಕೆಲಸ ಇದೊಂದು. ಅವರಿಗೆ ಬೇಕಾದ ಯಾವುದೂ ಇದರಿಂದ ತಪ್ಪುವುದಿಲ್ಲ. ಈಚಿನ ಕ್ರೋಮಿನಲ್ಲಿ ಇಂಥ ನೋಟಿಫಿಕೇಶನಿನ ಕೆಳಗೇ ಅನ್‌ಸಬ್‌ಸ್ಕ್ರೈಬ್ ಅಂತ ಬಟನ್ ಕಾಣಿಸಬಹುದು. ಕಾಣಿಸಿದರೆ ಅದನ್ನು ಒತ್ತಿದರೂ ಆಯಿತು. ನೋಟಿಫಿಕೇಶನಿನ ಮೈಮೇಲೆ ಮಾತ್ರ ಒತ್ತಬೇಡಿ. ಒಳಗೆ ಹೋದರೆ ಯಾವುದೋ ಆ್ಯಪ್ ಫೈಲ್ ಇಳಿಸಿ ಅನ್ನುತ್ತದೆ, ಅಲ್ಲಿಂದ ಮುಂದಿನದ್ದು ಬ್ಯಾಂಕ್ ಖಾತೆಯ ಕಥೆ. ಅಂಥದ್ದಕ್ಕೆ ಸಿಕ್ಕಿ ದುಡ್ಡು ಹೋದರೆ ತಡ ಮಾಡದೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಫೋನ್ ಮಾಡಬೇಕು. ಈ ಮನೆಯಲ್ಲಿ ಅಷ್ಟು ದೂರ ಹೋಗಿರಲಿಲ್ಲ.

ಕ್ರೋಮಿನದ್ದು ನಿಲ್ಲಿಸಿದ ಮೇಲೂ ಎರಡು ಮೂರು ಉಳಿದವು. ಅವು ಫೋನ್ ಕಂಪನಿಯದ್ದೇ ಆ್ಯಪ್ ಅಂಗಡಿಯಿಂದ ಬರುವಂಥವು: ಈ ವಾರದ ಹೊಸ ಗೇಮ್, ನಿಮಗಾಗಿ ಆರಿಸಿದ ಗೇಮ್. ಪ್ಲೇ ಸ್ಟೋರ್ ಬೇರೆ, ಇದು ಬೇರೆ. ಫೋನಿನ ಜೊತೆಗೇ ಬಂದದ್ದಾದ್ದರಿಂದ ತೆಗೆಯಲು ಬರುವುದಿಲ್ಲ. ಇದರ ದೊಡ್ಡ ಸ್ವಿಚ್ ಬೂದಿ ಬಣ್ಣಕ್ಕೆ ತಿರುಗಿ ಸತ್ತ ಹಾಗೆ ಇತ್ತು, ಒತ್ತಿದರೆ ಅಲುಗಲಿಲ್ಲ. ಆದರೆ ಕೆಳಗಿನ ಚಾನೆಲ್‌ಗಳು ಅಲುಗುತ್ತವೆ. ಪ್ರಚಾರದ್ದನ್ನು ಆಫ್ ಮಾಡಿದೆ. ಆ ಆ್ಯಪಿನ ಒಳಗೆ ಹೋಗಿ ಅಲ್ಲಿನ ಸೆಟ್ಟಿಂಗ್ಸ್‌ನಲ್ಲಿ ಶಿಫಾರಸುಗಳನ್ನೂ ನಿಲ್ಲಿಸಿದೆ. ಮೊದಲ ಪರದೆಯಲ್ಲಿ ಒಂದು ಫೋಲ್ಡರ್, ತೆರೆದರೆ ಕೆಳಗೆ, ನಾವು ಹಾಕಿಕೊಂಡಿಲ್ಲದ ಗೇಮುಗಳ ಐಕಾನ್. ಅದರ ಹೆಸರಿನ ಮೇಲೆ ಒತ್ತಿದಾಗ ಬರುವ ಸ್ವಿಚ್ಚನ್ನೂ ಆಫ್.

ಇನ್ನೊಂದು ಹಿಸ್ಟರಿಯಲ್ಲಿ ಕಾಣಿಸಲೇ ಇಲ್ಲ. ಲಾಕ್ ಸ್ಕ್ರೀನಿನ ಮೇಲೆ ದಿನಾ ಬದಲಾಗುವ ಚಿತ್ರ, ಅದರ ಜೊತೆ ಆಟ ಆಡಿ ಅನ್ನುವ ಒಂದು ಕಾರ್ಡು. ನೋಟಿಫಿಕೇಶನಿನ ಹಾಗೆಯೇ ಇದೆ, ಆದರೆ ಅದು ವಾಲ್‌ಪೇಪರ್ ಸೇವೆ. ಸೆಟ್ಟಿಂಗ್ಸ್‌ನ ಲಾಕ್ ಸ್ಕ್ರೀನ್ ಭಾಗದಲ್ಲಿ ಅದನ್ನು ನಿಲ್ಲಿಸಿ ಅಜ್ಜಿಯ ಒತ್ತಾಯಕ್ಕೆ ಮಧೂರು ದೇವಸ್ಥಾನದ ಫೋಟೊ ಹಾಕಿಕೊಟ್ಟೆ. ಫೋನಿನ ದುಡ್ಡು ಪೂರ್ತಿ ಕೊಟ್ಟು ತಂದವರ ಪರದೆಯನ್ನೇ ಜಾಹೀರಾತಿಗೆ ಬಾಡಿಗೆಗೆ ಕೊಡುವ ಈ ಅಭ್ಯಾಸ ನನಗಂತೂ ಸಹಿಸಲಾಗುವುದಿಲ್ಲ. ಮಾರುವವನು ನಾನೇ, ಆದರೂ ಹೇಳುತ್ತೇನೆ. ಈಗ ಹೊಸ ಫೋನ್ ಕೊಡುವಾಗ ಇದನ್ನೆಲ್ಲ ಅಂಗಡಿಯಲ್ಲೇ ಆಫ್ ಮಾಡಿ ಕೊಡುತ್ತೇನೆ.

ಪ್ಲೇ ಸ್ಟೋರಿನ ಸೆಟ್ಟಿಂಗ್ಸ್‌ನಲ್ಲೂ ಆಫರುಗಳ ನೋಟಿಫಿಕೇಶನ್ ಇರುತ್ತದೆ, ಅದನ್ನೂ ಆಫ್ ಮಾಡಿದೆ. ಅದಕ್ಕಿಂತ ಮುಖ್ಯ, ಅಲ್ಲೇ ಏನಾದರೂ ಕೊಳ್ಳುವಾಗ ಪ್ರತಿ ಸಲವೂ ಪಾಸ್‌ವರ್ಡ್ ಅಥವಾ ಬೆರಳಚ್ಚು ಕೇಳುವ ಹಾಗೆ ಮಾಡಿಟ್ಟೆ. ಟ್ಯಾಬಿನಲ್ಲಿ ಇದ್ದದ್ದು ಅಪ್ಪನ ಅಕೌಂಟ್. ಐವತ್ತು ರೂಪಾಯಿಗೆ ನೂರು ರತ್ನ ಅಂತ ಬಂದ ಆಫರನ್ನು ಮಗು ಒತ್ತಿದರೆ ಹೋಗುವುದು ಅಪ್ಪನ ದುಡ್ಡು.

ಉಳಿದದ್ದು ಎಸ್ಸೆಮ್ಮೆಸ್. ರಮ್ಮಿ, ಬೋನಸ್, ಲಿಂಕ್. ಇದಕ್ಕೆ ಫೋನಿನ ಸೆಟ್ಟಿಂಗ್ಸ್ ಸಾಲದು, ಸಿಮ್ ಕಂಪನಿಗೆ ಹೇಳಬೇಕು. ಇಂಗ್ಲಿಷಿನಲ್ಲಿ ಸ್ಟಾರ್ಟ್ ಅಂತ ಬರೆದು, ಜಾಗ ಬಿಟ್ಟು ಸೊನ್ನೆ ಹಾಕಿ 1909ಕ್ಕೆ ಕಳಿಸಿದರೆ ಪ್ರಚಾರದ ಮೆಸೇಜುಗಳು ಬಂದ್ ಆಗಬೇಕು. ಬ್ಯಾಂಕಿನ ಒಟಿಪಿಗೆ ತೊಂದರೆ ಇಲ್ಲ. ಅಜ್ಜನಿಗೆ ಅದೇ ಹೆದರಿಕೆ ಇತ್ತು, ಎರಡೆರಡು ಸಲ ಹೇಳಿಸಿದರು. 2025ರಲ್ಲಿ ಟೆಲಿಕಾಂ ನಿಯಂತ್ರಕ ಸಂಸ್ಥೆ ಟ್ರಾಯ್‌ನ ನಿಯಮ ಬದಲಾದ ಮೇಲೆ ಕಳಿಸಿದವರ ಹೆಸರಿನ ಕೊನೆಯಲ್ಲಿ ಒಂದು ಇಂಗ್ಲಿಷ್ ಅಕ್ಷರ ಬರುತ್ತದೆ. ಪಿ ಇದ್ದರೆ ಪ್ರಚಾರ, ಎಸ್ ಇದ್ದರೆ ಸೇವೆ, ಟಿ ಇದ್ದರೆ ವ್ಯವಹಾರ, ಜಿ ಇದ್ದರೆ ಸರಕಾರ. ಹೆಸರೇ ಇಲ್ಲದೆ ಬರೀ ಹತ್ತಂಕಿಯ ನಂಬರಿನಿಂದ ಬಂದರೆ ಬ್ಲಾಕ್ ಮಾಡಿ, ಏಳು ದಿನದೊಳಗೆ 1909ಕ್ಕೆ ದೂರು ಕೊಡಬಹುದು.

“ಈ ರಮ್ಮಿ ಎಲ್ಲ ಬ್ಯಾನ್ ಆಗಿದೆ ಅಂತ ಪೇಪರಿನಲ್ಲಿ ಬಂದಿತ್ತಲ್ಲ” ಅಂತ ಅಜ್ಜ ಆಮೇಲೆ ಫೋನಿನಲ್ಲಿ ಕೇಳಿದರು. ಕೇರಳ ಸರಕಾರ 2021ರ ಫೆಬ್ರವರಿಯಲ್ಲಿ ದುಡ್ಡಿನ ಆನ್‌ಲೈನ್ ರಮ್ಮಿಯನ್ನು ನಿಷೇಧಿಸಿತ್ತು, ಅದೇ ವರ್ಷ ಸೆಪ್ಟೆಂಬರಿನಲ್ಲಿ ಹೈಕೋರ್ಟು ಅದನ್ನು ರದ್ದು ಮಾಡಿತು. ಗಡಿಯ ಆಚೆ ಕರ್ನಾಟಕದಲ್ಲೂ ಅದೇ ವರ್ಷ ಕಾನೂನು ಬಂದು 2022ರ ಫೆಬ್ರವರಿಯಲ್ಲಿ ಬಿದ್ದುಹೋಯಿತು. ಅಜ್ಜ ಓದಿದ್ದು ಅದಾದ ಮೇಲಿನದ್ದು. 2025ರ ಆಗಸ್ಟ್‌ನಲ್ಲಿ ಸಂಸತ್ತು ದುಡ್ಡಿನ ಆನ್‌ಲೈನ್ ಆಟಗಳನ್ನು ಇಡೀ ದೇಶಕ್ಕೆ ನಿಷೇಧಿಸುವ ಕಾಯಿದೆ ಪಾಸ್ ಮಾಡಿತು, 22ನೇ ತಾರೀಕಿಗೆ ರಾಷ್ಟ್ರಪತಿಗಳ ಅಂಕಿತವೂ ಬಿತ್ತು. ಅಂಥ ಆಟದ ಜಾಹೀರಾತು ಮಾಡಿದವರಿಗೂ ಅದರಲ್ಲಿ ಎರಡು ವರ್ಷದ ತನಕ ಜೈಲು, 50 ಲಕ್ಷದ ತನಕ ದಂಡ ಇದೆ. ಆದರೆ ವಿಳಾಸವೇ ಇಲ್ಲದ ಒಂದು ಸೈಟು ಕ್ರೋಮಿನ ಮೂಲಕ ಕಳಿಸುವ ನೋಟಿಫಿಕೇಶನಿಗೆ ಕಾಯಿದೆ ತಲುಪುವ ತನಕ ಕಾಯುವುದಕ್ಕಿಂತ ಸ್ವಿಚ್ ಆಫ್ ಮಾಡುವುದು ಬೇಗ ಆಗುತ್ತದೆ.

ಗಲ್ಫಿನಿಂದ ಐಪ್ಯಾಡ್ ತಂದವರು ನಮ್ಮಲ್ಲಿ ಮನೆಗೊಬ್ಬರು ಇರುವುದರಿಂದ ಅದನ್ನೂ ಸೇರಿಸುತ್ತೇನೆ. ಅದರಲ್ಲಿ ಆ್ಯಪ್ ಮೊದಲು ಕೇಳಿಯೇ ನೋಟಿಫಿಕೇಶನ್ ಕಳಿಸಬೇಕು, ಹಾಗಾಗಿ ಕಿರಿಕಿರಿ ಸ್ವಲ್ಪ ಕಡಿಮೆ. ಮಗು ಹೌದು ಅಂತ ಒತ್ತಿದ್ದರೆ ಸೆಟ್ಟಿಂಗ್ಸ್‌ನಲ್ಲಿ ನೋಟಿಫಿಕೇಶನ್ಸ್, ಅಲ್ಲಿ ಗೇಮಿನ ಹೆಸರು, ಮೊದಲ ಸ್ವಿಚ್ ಆಫ್. ಪೂರ್ತಿ ಬೇಡ ಅನ್ನಲು ಮನಸ್ಸಿಲ್ಲದಿದ್ದರೆ 2021ರಿಂದ ಈಚೆಗೆ ಎಲ್ಲವನ್ನೂ ಕಟ್ಟಿ ನಾವು ಹೇಳಿದ ಹೊತ್ತಿಗೆ ಒಟ್ಟಿಗೆ ಕೊಡುವ ವ್ಯವಸ್ಥೆಯೂ ಇದೆ.

ಕೊನೆಗೆ, ಇಷ್ಟೆಲ್ಲ ರಗಳೆಗೆ ಕಾರಣವಾದ ಶಾಲೆಯ ಗ್ರೂಪು. ಡೂ ನಾಟ್ ಡಿಸ್ಟರ್ಬ್ ಈಗ ಬೇಕಿಲ್ಲ. ಆದರೂ ಆ ಗ್ರೂಪಿಗೆ ವಾಟ್ಸಾಪಿನಲ್ಲಿ ಬೇರೆಯದೇ ಜೋರಾದ ಟೋನ್ ಇಟ್ಟೆ. ಟೋನ್ ಆರಿಸಿದ್ದು ಹುಡುಗಿ. ಬೇರೆ ಗ್ರೂಪುಗಳೆಲ್ಲ ಮ್ಯೂಟ್. ಕುಟುಂಬದ ಗ್ರೂಪಿನ ಗುಡ್ ಮಾರ್ನಿಂಗ್ ಹೂವುಗಳನ್ನು ಮ್ಯೂಟ್ ಮಾಡಲು ಅಜ್ಜಿ ಬಿಡಲಿಲ್ಲ.

ಎಷ್ಟಾಯಿತು ಅಂತ ಸೊಸೆ ಕೇಳಿದರು. ಸಾಮಾನು ಏನೂ ಹಾಕಿಲ್ಲ, ಸ್ಕ್ರೂ ಬಿಚ್ಚಿಲ್ಲ. ಇಂಥ ಕೆಲಸಕ್ಕೆ ರೇಟು ಹೇಳಲು ನನಗೆ ಇವತ್ತಿಗೂ ಬರುವುದಿಲ್ಲ. ಟ್ಯಾಬಿಗೆ ಒಂದು ಟೆಂಪರ್ಡ್ ಗ್ಲಾಸ್ ಹಾಕಿಸಿಕೊಂಡು ಅದರ ದುಡ್ಡು ಕೊಟ್ಟರು.

ಆಮೇಲೆ ವಿಚಾರಿಸಿದಾಗ ರಾತ್ರಿಯ ಸದ್ದು ನಿಂತಿತ್ತು. ಎಸ್ಸೆಮ್ಮೆಸ್ ಪೂರ್ತಿ ನಿಂತಿಲ್ಲ, ಕಡಿಮೆಯಾಗಿದೆ. ಫೋನಿಗೆ ಒಂದು ಸಿಸ್ಟಮ್ ಅಪ್‌ಡೇಟ್ ಬಂದು ಕಂಪನಿಯ ಆ್ಯಪ್ ಅಂಗಡಿ ಮತ್ತೆ ತಲೆ ಎತ್ತಿತ್ತು. ಸೊಸೆ ತಾವೇ ಬೆರಳು ಒತ್ತಿ ಹಿಡಿದು ಹೊಸ ಚಾನೆಲ್ ಮುಚ್ಚಿದರಂತೆ. ಒಂದು ಕೆಲಸ ಬಾಕಿ ಇದೆ. ಟ್ಯಾಬಿನಲ್ಲಿ ಇನ್ನೂ ಅಪ್ಪನ ಅಕೌಂಟೇ ಇದೆ. ಹುಡುಗಿಗೆ ಬೇರೆ ಅಕೌಂಟ್ ಮಾಡಿ, ಮಕ್ಕಳ ಫೋನಿನ ಮೇಲೆ ಹೆತ್ತವರು ಕಣ್ಣಿಡುವ ಗೂಗಲಿನ ಫ್ಯಾಮಿಲಿ ಲಿಂಕ್‌ಗೆ ಸೇರಿಸಿದರೆ ಹೊಸ ಆ್ಯಪ್ ಹಾಕುವ ಮೊದಲು ತಾಯಿಯ ಫೋನಿಗೆ ಒಪ್ಪಿಗೆ ಕೇಳಿ ಬರುತ್ತದೆ. ಓಣಂ ರಜೆಯಲ್ಲಿ ಬರುತ್ತೇವೆ ಅಂದಿದ್ದಾರೆ.

ಅವರಿಗಿಂತ ಮೊದಲು ಚಿಕ್ಕಪ್ಪ ಬಂದರು. ಅಜ್ಜನ ಫೋನಿನಲ್ಲಿ ಮ್ಯಾಚಿನ ಸೈಟಿಗೆ ಏನೋ ಆಗಿದೆ, ಒತ್ತು ಅನ್ನುತ್ತದೆ, ಒತ್ತಲು ಬಟನ್ನೇ ಬರುವುದಿಲ್ಲ ಅಂತ ದೂರು. ಅವರ ಸಿಮ್ಮಿಗೆ ಮ್ಯಾಚ್ ನೋಡುವ ಆ್ಯಪಿನ ಚಂದಾ ಸೇರಿದ ರೀಚಾರ್ಜ್ ಹಾಕಿ ಕಳಿಸಿದೆ.